ಗೂಬೆಯ ಸಾಲು

‘ಹಲ್ಲಿ ಕೆಮ್ಮಿದ ಹಾಗಿದೆ’ ಎಂಬ ಸಾಲಿನ ಮೇಲೆ ತಂಗಿಯ ಕಣ್ಣು ನಿಂತುಬಿಟ್ಟಿತು. ಫೋನಿನ ತಂತಿಯ ಇಂಟರ್ನೆಟ್ಟಿನಲ್ಲಿ ಸಂಜೆಯೆಲ್ಲ ತೆವಳಿ, ಹಾಡು ಹಂಚಿಕೊಳ್ಳುವ ಒಂದು ತಾಣಕ್ಕೆ ಏರಿದ್ದ ಅವಳ ಹಾಡನ್ನು ಹೆಸರು ಊರು ಇಲ್ಲದ ಜನ ಇಳಿಸಿಕೊಂಡು ಕೇಳಿ, ಕೆಳಗೆ ಬಾಯಿಗೆ ಬಂದಂತೆ ಬರೆದಿದ್ದರು. ಅದನ್ನೆಲ್ಲ ಅವಳು ನುಂಗಿಕೊಂಡಿದ್ದಳು. ಆದರೆ ‘ಗೂಬೆ’ ಎಂಬ ಅಡ್ಡಹೆಸರಿನಲ್ಲಿ ಬಂದ ಈ ಮಾತು ಅಜ್ಜಿಯದು. ಅಕ್ಕತಂಗಿಯರು ಸಂಗೀತ ಕಲಿಯುವಾಗ ಸ್ವರ ತಪ್ಪಿದರೆ ಅಜ್ಜಿ ಹಾಗನ್ನುತ್ತಿದ್ದಳು. ಅಜ್ಜಿ ಹೋದ ಮೇಲೆ ಆ ಮಾತು ಬಲ್ಲವರು ಇಬ್ಬರೇ ಉಳಿದಿದ್ದರು. ಅವರಲ್ಲಿ ಹಾಡು ಬಿಡದಿದ್ದವಳು ತಂಗಿ ಮಾತ್ರ.

ಅಕ್ಕ ಹಿಂದಿನಿಂದ ಬಂದು ಹೆಗಲ ಮೇಲೆ ಕೈಯಿಟ್ಟಳು. “ಮುಖ ತೋರಿಸೋ ಧೈರ್ಯ ಇಲ್ಲದೋರು ಕಣೇ. ನಾಯಿ ಬೊಗಳಿದ್ರೆ ದೇವಲೋಕ ಹಾಳಾಗುತ್ತಾ?”

“ನನ್ನ ಕೈಲಿ ಓದೋಕಾಗ್ತಿಲ್ಲ ಅಕ್ಕಾ. ಎಲ್ಲಾನೂ ನೀನೇ ಒಂದ್ಸಲ ಓದಿ ಹೇಳು,” ಎಂದು ತಂಗಿ ಎದ್ದು ಕಂಪ್ಯೂಟರಿನ ಮುಂದಿನ ಕುರ್ಚಿ ಬಿಟ್ಟುಕೊಟ್ಟಳು.

ಅಕ್ಕ ಜೋರಾಗಿಯೇ ಓದಿದಳು. ‘ಕಿವಿಗೆ ಹತ್ತಿ ಕೊಡಿ’ ಎಂದಿದ್ದನ್ನು ಓದಿದಳು, ‘ಗಂಟಲಿಗೆ ಎಣ್ಣೆ ಬಿಡಿ’ ಎಂದಿದ್ದನ್ನು ಓದಿ ನಕ್ಕಳು. ಅದರ ಕೆಳಗೆ ಗೂಬೆಯ ಸಾಲಿತ್ತು. ಅಕ್ಕ ಒಮ್ಮೆ ಉಸಿರೆಳೆದುಕೊಂಡು, ಅದನ್ನು ದಾಟಿ ಮುಂದಿನದನ್ನು ಓದಿದಳು.