ಟಾಕೀಸಿನ ಗಾಳಿ

ಗಾಳಿ ಸತ್ತುಹೋದ ಮೇಲೆ ಗದಗಿನವರು ಸಂಜೆಗೊಮ್ಮೆ ಟಾಕೀಸಿಗೆ ಬಂದು ಉಸಿರಾಡಿಕೊಂಡು ಹೋಗುತ್ತಿದ್ದರು. ಪರದೆಯ ಮೇಲೆ ಹಳೆಯ ರೀಲಿನ ಸೀರೆಯೊಂದು ಹಾರಾಡುತ್ತಿರುವಾಗ ಇಂದುಮತಿ ಯಾವುದಾದರೂ ಕಾದಂಬರಿಯಿಂದ ಗಾಳಿಯ ವರ್ಣನೆ ಓದಿದರೆ, ಅದೇ ಗಾಳಿ ಒಳಗೆ ಬೀಸುತ್ತಿತ್ತು. ಒಮ್ಮೆ ಓದಿದ್ದು ಮತ್ತೆ ಬೀಸುತ್ತಿರಲಿಲ್ಲ. ತಂಗಾಳಿಗಳನ್ನೆಲ್ಲ ಊರವರು ಟಾಕೀಸಿನಲ್ಲೇ ಇಟ್ಟುಕೊಂಡ ಮದುವೆಗಳಲ್ಲಿ ಓದಿಸಿಯೇ ಮುಗಿಸಿದ್ದರು.

“ಏನ್ ಉಳದೈತ್ರಿ, ಅಕ್ಕಾರ?” ರೀಲು ಓಡಿಸುವ ಫಕೀರಪ್ಪ ಕೇಳಿದ.

“ಬಿರುಗಾಳಿ ಒಂದ. ಹಡಗ ಮುಳುಗಿಸಿದ್ದು.”

“ಗದಗಿನ್ಯಾಗ ಸಮುದ್ರ ಎಲ್ಲೈತ್ರಿ? ಓದ್ರಿ.”

ಮುಂದಿನ ಕುರ್ಚಿಯಲ್ಲಿ ಅವಳ ಮಗಳ ತುಟಿ ನೀಲಿಯಾಗುತ್ತಿತ್ತು. ಇಂದುಮತಿ ಓದತೊಡಗಿದಳು. ಮಗಳು ಕಣ್ಣು ತೆರೆದಳು. ಮಾಡಿನ ತಗಡುಗಳು ಮೊಳೆ ಕಿತ್ತುಕೊಂಡು ಮೇಲೇಳತೊಡಗಿದಾಗ ಇಂದುಮತಿ ಪುಸ್ತಕ ಮುಚ್ಚಹೋದಳು.

“ನಿಲ್ಲಸಬ್ಯಾಡವ್ವಾ,” ಎಂದಳು ಮಗಳು, ಎದೆತುಂಬ ಉಸಿರೆಳೆದುಕೊಂಡು.