ಸಹಿಯ ಕೆಳಗಿನ ಚುಕ್ಕೆ

“ಒಂದೇ ಪದ,” ಎಂದರು ಪ್ರೀತಿ ಮೇಡಂ. “ಅದು ನಿಮ್ಮ ಕಿವಿಗೆ ಬಿತ್ತೋ ಇಲ್ಲವೋ, ಅಷ್ಟು ಹೇಳಿದರೆ ಸಾಕು.”

ಭಾನುಪ್ರಿಯಾಳ ಕಣ್ಣು ಮೇಜಿನ ಮೇಲಿದ್ದ ಬೂದುಬಣ್ಣದ ಕಡತದ ಮೇಲಿತ್ತು. ಅದರ ಮೇಲೆ ಅವಳದೇ ಹೆಸರು, ಕೆಳಗೆ ‘ಶೀಘ್ರಲಿಪಿಗಾರ್ತಿ’ ಎಂದು ಹುದ್ದೆ. ತನ್ನ ನೇಮಕದ ಕಡತ ಇವರಿಗೇಕೆ ಬೇಕಾಯಿತು?

ಪ್ರೀತಿ ಮೇಡಂ ಹೈಕೋರ್ಟಿನಿಂದ ಬಂದ ವಿಚಾರಣಾಧಿಕಾರಿ. ವಿಚಾರಣೆ ನ್ಯಾಯಾಧೀಶ ಸದಾಶಿವಯ್ಯನವರ ಮೇಲೆ. ಅವರ ಪೀಠದ ಕೆಳಗೆ ಕೂತು ಟೈಪ್ ಮಾಡುವವಳು ಭಾನುಪ್ರಿಯಾ.

ಸದಾಶಿವಯ್ಯನವರು ಮೊದಲು ವಕೀಲರು. ಆಮೇಲೆ ಪಕ್ಕದ ಜಿಲ್ಲೆಯಿಂದ ಎರಡು ಸಲ ಶಾಸಕರು. ಮೂರನೆಯ ಸಲ ಸೋತರು. ಮತ್ತೆ ಕರಿಕೋಟು ತೊಟ್ಟರು, ವಯಸ್ಸು ಮೀರುವ ಮೊದಲೇ ಪರೀಕ್ಷೆ ಬರೆದು ಪೀಠ ಏರಿದರು. ಈಗ ಹೈಕೋರ್ಟಿಗೆ ಹೋಗುವವರಲ್ಲಿ ಅವರ ಹೆಸರೂ ಇದೆ ಎಂದು ವಕೀಲರ ಕ್ಯಾಂಟೀನಿನಲ್ಲಿ ಮಾತು. ಅಡ್ಡ ಬಂದದ್ದು ಉದಯಗಿರಿಯ ಬಸಮ್ಮ ಬರೆಸಿದ ಒಂದು ದೂರು.

ಹೆಬ್ಬಾಳದ ಕಾರ್ಖಾನೆಯೊಂದಕ್ಕೆ ಬೆಂಕಿ ಬಿದ್ದಾಗ ಮೂವರು ಹೆಣ್ಣುಮಕ್ಕಳು ಹಿಂಬಾಗಿಲ ಬಳಿ ಸತ್ತಿದ್ದರು. ಒಬ್ಬಳು ಬಸಮ್ಮನ ಮಗಳು ಐಶ್ವರ್ಯ. ಆರೋಪಿ ಕಾರ್ಖಾನೆಯ ಮಾಲೀಕ ಅಮರೇಶ್. ಹಿಂದೆ ಸದಾಶಿವಯ್ಯನವರ ಚುನಾವಣಾ ಏಜೆಂಟ್ ಆಗಿದ್ದವನು.

ಕಾವಲುಗಾರ ಮೂಗಯ್ಯ ಕಟಕಟೆಯಲ್ಲಿ ನಿಂತು ಹೇಳಿದ್ದ: “ಇಂಬಾಗ್ಲಿಗೆ ಬೀಗ ಹಾಕಿತ್ತು ಸ್ವಾಮಿ.”

ಸಾಕ್ಷಿಯ ಮಾತು ನೇರವಾಗಿ ಕಾಗದಕ್ಕೆ ಇಳಿಯುವುದಿಲ್ಲ. ನ್ಯಾಯಾಧೀಶರು ಕೇಳಿ, ತಿದ್ದಿ, ಬರವಣಿಗೆಯ ಮಾತಿನಲ್ಲಿ ಹೇಳುತ್ತಾರೆ. ಕೆಳಗೆ ಕೂತವಳು ಟೈಪ್ ಮಾಡುತ್ತಾಳೆ. ಸದಾಶಿವಯ್ಯನವರು ಹೇಳಿದ್ದು: “ಹಿಂಬಾಗಿಲು ಹಾಕಿತ್ತು.”

ಭಾನುಪ್ರಿಯಾಳ ಬೆರಳು ನಿಂತಿತ್ತು.

“ಬರ್ಕೊಳ್ಳಮ್ಮ.”

ಬರೆದುಕೊಂಡಳು. ಸರ್ಕಾರಿ ವಕೀಲರು ಮುಂದಿನ ಪ್ರಕರಣದ ಹಾಳೆ ಮಗುಚುತ್ತಿದ್ದರು. ಓದು ಬಾರದ ಮೂಗಯ್ಯ ಹೆಬ್ಬೆಟ್ಟು ಒತ್ತಿದ. ಹಾಕಿದ ಬಾಗಿಲು ತಳ್ಳಿದರೆ ತೆರೆಯುತ್ತದೆ. ಬೀಗ ಹಾಕಿದ್ದು ತೆರೆಯುವುದಿಲ್ಲ. ಆ ಒಂದು ಪದ ಇಲ್ಲದ ಕಾರಣ ಅಮರೇಶ್ ಬಿಡುಗಡೆಯಾದ. ಮಾರ್ಚ್‌ನಲ್ಲಿ ಮೂಗಯ್ಯ ತೀರಿಕೊಂಡ. ಹಿಂದಿನ ಬೆಂಚಿನಲ್ಲಿದ್ದ ಬಸಮ್ಮನೂ ಬೀಗ ಎಂದದ್ದನ್ನು ಕೇಳಿಸಿಕೊಂಡಿದ್ದಳು, ಆದರೆ ಅವಳು ಸತ್ತವಳ ತಾಯಿ. ನಂಬಬಹುದಾದ ಕಿವಿ ಇನ್ನು ಭಾನುಪ್ರಿಯಾ ಒಬ್ಬಳದೇ.

ಇವತ್ತು ಬೆಳಿಗ್ಗೆ ಬಸಮ್ಮ ಕಾರಿಡಾರಿನಲ್ಲಿ ಅವಳ ಕೈ ಹಿಡಿದುಕೊಂಡಿದ್ದಳು.

“ನಾನು ಸುಳ್ಳು ಯೋಳ್ತಿಲ್ಲ ಅನ್ನೋದು ನಿಮ್ಗೊಬ್ರಿಗೇ ಗೊತ್ತಿರೋದು ಕಣವ್ವ.”

“ಕೈ ಬುಡಿ ಬಸಮ್ಮ, ಒಳಗೆ ಕರೀತಾವ್ರೆ.”

“ಬುಡ್ತೀನಿ. ನನ್ ಕೈಲಿ ಇನ್ನೇನದೆ ಇಟ್ಕಳಕ್ಕೆ?”

ಅದಕ್ಕೂ ಮೊದಲು ಸದಾಶಿವಯ್ಯನವರು ಕೊಠಡಿಗೆ ಕರೆಸಿದ್ದರು. ಗದರಲಿಲ್ಲ.

“ನಾನೇನೂ ಹೇಳ್ಕೊಡಲ್ಲಮ್ಮ. ನಿನಗೆ ನೌಕರಿ ಆದ ದಿನ ನಿಮ್ಮಪ್ಪ ವಿಶ್ವನಾಥ್ ಡಬ್ಬಿ ತುಂಬ ಕಜ್ಜಾಯ ತಂದಿದ್ರು. ಮಾತೇ ಹೊರಡದೆ ನಿಂತಿದ್ರು. ಯಾಕೋ ನೆನಪಾಯ್ತು, ಅಷ್ಟೆ.”

ಸದಾಶಿವಯ್ಯನವರು ಶಾಸಕರಾಗಿದ್ದಾಗ ಅಪ್ಪ ಅವರ ಕಚೇರಿಯ ಟೈಪಿಸ್ಟ್. ನಿವೃತ್ತರಾದ ಮೇಲೆ ಒಮ್ಮೆ ನಗುತ್ತ ಗುಟ್ಟು ಬಿಟ್ಟುಕೊಟ್ಟಿದ್ದರು. ಬಂದವರಿಗೆಲ್ಲ ಶಿಫಾರಸು ಪತ್ರ ಸಿಗುತ್ತಿತ್ತು. ಯಾರನ್ನೇ ಬರಿಗೈಯಲ್ಲಿ ಕಳಿಸಿದರೂ ವೋಟು ಹೋಗುತ್ತದೆ. ಆದರೆ ಸಹಿಯ ಕೆಳಗೆ ಪುಟ್ಟ ಚುಕ್ಕೆ ಇದ್ದರೆ ಮಾತ್ರ ಅಧಿಕಾರಿಗಳು ಕೆಲಸ ಮಾಡಿಕೊಡುತ್ತಿದ್ದರು. ಚುಕ್ಕೆ ಇಲ್ಲದ್ದನ್ನು ಕಡತಕ್ಕೆ ಸೇರಿಸಿ ಮರೆಯುತ್ತಿದ್ದರು. “ನಿನ್ನ ಹುದ್ದೆ ಒಂದಕ್ಕೇ ಹನ್ನೊಂದು ಪತ್ರ ಟೈಪ್ ಮಾಡಿದ್ದೆ ಕಣಮ್ಮ,” ಎಂದಿದ್ದರು ಅಪ್ಪ. “ಸಹಿ ಮಾತ್ರ ಅವರು ಒಳಗೆ ಕೂತು ಹಾಕಿ, ಲಕೋಟೆ ಅಂಟಿಸಿ ಕೊಡೋರು.”

ಹನ್ನೊಂದು ಜನ, ಒಂದು ಹುದ್ದೆ. ಹುದ್ದೆ ಅವಳಿಗೆ ಸಿಕ್ಕಿತ್ತು. ಚುಕ್ಕೆ ಯಾರದೆಂದು ಕೇಳುವ ಅಗತ್ಯವೇ ಇರಲಿಲ್ಲ. ಅಂದಿನಿಂದ ಅವಳು ಕಚೇರಿಯಲ್ಲಿ ಯಾರಿಗೂ ಎದುರಾಡಿಲ್ಲ. ಬೆನ್ನ ಹಿಂದೆ ಯಾರಾದರೂ ನಕ್ಕರೆ ಆ ಚುಕ್ಕೆಯ ವಿಷಯಕ್ಕೇ ಎನಿಸುತ್ತಿತ್ತು.

“ನಿಮ್ಮ ಪರೀಕ್ಷೆಯ ಹಾಳೆ ನೋಡಿದೆ,” ಪ್ರೀತಿ ಮೇಡಂ ಕಡತದ ಮೇಲೆ ಬೆರಳಿಟ್ಟರು. “ಆ ವರ್ಷ ನೀವೇ ಮೊದಲು. ಒಂದೂ ತಪ್ಪಿಲ್ಲ. ಇಂಥ ಕಿವಿಗೆ ‘ಬೀಗ’ ಕೇಳಿಸದೆ ಹೋಗುತ್ತಾ?”

ಭಾನುಪ್ರಿಯಾಳ ಮುಖ ಬಿಸಿಯಾಯಿತು. ಹಂಗಿಸುತ್ತಿದ್ದಾರೆ. ನೌಕರಿ ಕೊಡಿಸಿದವರಿಗೆ ಅಂಕ ಕೊಡಿಸುವುದು ಕಷ್ಟವೇ? ಇವರಿಗೆ ಎಲ್ಲ ಗೊತ್ತಿದೆ.

ಬಾಗಿಲ ಸಂದಿಯಲ್ಲಿ ಬಸಮ್ಮನ ಸೀರೆಯ ಅಂಚು ಕಾಣುತ್ತಿತ್ತು. ಭಾನುಪ್ರಿಯಾ ನೋಟ ತಿರುಗಿಸಿದಳು. ಕಣ್ಣೆದುರು ಬಂದದ್ದು ಕಜ್ಜಾಯದ ಡಬ್ಬಿ, ಅದನ್ನು ಎರಡೂ ಕೈಯಲ್ಲಿ ಹಿಡಿದ ಅಪ್ಪ.

“ಮೂಗಯ್ಯ ‘ಬಾಗಿಲು ಹಾಕಿತ್ತು’ ಅಂತಲೇ ಹೇಳಿದ್ದು ಮೇಡಂ. ಬೀಗ ಅನ್ನಲಿಲ್ಲ.”

“ಖಂಡಿತ?”

“ಖಂಡಿತ.”

ಪ್ರೀತಿ ಮೇಡಂ ಅವಳ ಮಾತು ಬರೆದುಕೊಂಡು ಹೇಳಿಕೆಯ ಹಾಳೆ ಮುಂದೆ ತಳ್ಳಿದರು. ಭಾನುಪ್ರಿಯಾ ಸಹಿ ಮಾಡಿದಳು. ಹದಿನಾಲ್ಕು ವರ್ಷಗಳ ನೌಕರಿಯ ಋಣ ತೀರಿತು ಎಂದುಕೊಂಡಳು.

“ನಿಮ್ಮ ಹಳೆಯ ಸಹಿಗೂ ಇದಕ್ಕೂ ತಾಳೆಯಾಗಬೇಕು,” ಎಂದು ಅವರು ಕಡತ ಬಿಚ್ಚಿ ಅವಳ ಕಡೆ ತಿರುಗಿಸಿದರು. “ಈ ಅರ್ಜಿ ನಿಮ್ಮದೇ ತಾನೇ?”

ಅವಳದೇ. ಅರ್ಜಿಗೆ ತುಕ್ಕು ಹಿಡಿದ ಪಿನ್ನಿನಿಂದ ಚುಚ್ಚಿದ್ದ ಇನ್ನೊಂದು ಹಾಳೆಯನ್ನು ಅವಳು ಈವರೆಗೆ ಕಂಡಿರಲಿಲ್ಲ. ಮೇಲೆ ಶಾಸಕರ ಹೆಸರು. ಅಪ್ಪನ ಹಳೇ ಟೈಪ್‌ರೈಟರಿನ ಅಕ್ಷರ, ಎಂದಿನಂತೆ ‘ರ’ ತುಸು ಮೇಲೆದ್ದಿತ್ತು. ಕೊನೆಯಲ್ಲಿ ನೀಲಿ ಶಾಯಿಯ ದೊಡ್ಡ ಸಹಿ. ಭಾನುಪ್ರಿಯಾ ಕನ್ನಡಕ ಒರೆಸಿಕೊಂಡು ಬಗ್ಗಿ ನೋಡಿದಳು.

ಸಹಿಯ ಕೆಳಗೆ ಕಾಗದ ಖಾಲಿಯಿತ್ತು.