ದೊಡ್ಡಪ್ಪನ ಕಣ್ಣು

ದೊಡ್ಡಪ್ಪನ ಒಂಬತ್ತೂ ಕಣ್ಣುಗಳು ಒಟ್ಟಿಗೆ ನಾಯಕಿಯ ಕಡೆ ತಿರುಗಿದ್ದೇ ತಡ, ಸ್ಟುಡಿಯೋದಲ್ಲಿದ್ದವರೆಲ್ಲ ಗೊಳ್ಳೆಂದು ನಕ್ಕರು. ಲೋಕವನ್ನೇ ನುಂಗಲು ಬಂದ ಭೂತಕ್ಕೆ ಮಾಲುಗಣ್ಣು. ಹೆದರಬೇಕಾದವರೇ ಹೊಟ್ಟೆ ಹಿಡಿದುಕೊಂಡು ನಕ್ಕರೆ ಭೂತದ ಮಾನ ಉಳಿದೀತೇ?

ದೊಡ್ಡಪ್ಪ ಎಂಬುದು ಧಾರಾವಾಹಿಯ ಭೂತಕ್ಕೆ ಸ್ಟುಡಿಯೋದವರು ಸಲುಗೆಯಿಂದ ಇಟ್ಟ ಹೆಸರು. ನಕ್ಷತ್ರಗಳ ಆಚೆಯಿಂದ ಇಳಿದುಬಂದದ್ದು, ಮನೆಯೆತ್ತರದ ರಬ್ಬರಿನ ದೇಹ. ಅದರ ಕಣ್ಣುಗಳನ್ನು ಗುಂಡಿ ಒತ್ತಿ ಆಡಿಸುವವನು ಆ ಗುಂಡಿಗಳ ಪೆಟ್ಟಿಗೆ ಹಿಡಿದು ಮೂಲೆಯಲ್ಲಿ ಪೆಚ್ಚಾಗಿ ಕುಳಿತಿದ್ದ. ಇಷ್ಟು ದಿನ ಅವನಿಗೆ ಒಂದೇ ನಿಯಮ: ಕಣ್ಣುಗಳು ಯಾರನ್ನೂ ನೋಡಕೂಡದು, ಜನರ ತಲೆಯ ಮೇಲಿಂದ ಹಾಯ್ದುಹೋಗಬೇಕು. ಇಂಥ ಕಥೆಗಳ ಹಳೆಯ ಹೆದರಿಕೆಯೇ ಅದು. ನಾವು ಇರುವೆ ತುಳಿದು ಹೋಗುವ ಹಾಗೆ ಅದು ನಮ್ಮನ್ನು ತುಳಿದು ಹೋಗುತ್ತದೆ. ದ್ವೇಷವೂ ಇಲ್ಲ, ಗಮನವೂ ಇಲ್ಲ.

ಧಾರಾವಾಹಿ ಬರೆಯುವವಳು ಅವನ ಸ್ವಂತ ಅಕ್ಕ. ಕೊನೆಯ ಕಂತಿನಲ್ಲಿ ಅವಳೇ ಆ ನಿಯಮ ಮುರಿದಿದ್ದಳು. ಗಂಡನನ್ನು ಕಳೆದುಕೊಂಡ ನಾಯಕಿ, "ನಾವೇನು ತಪ್ಪು ಮಾಡಿದ್ವಿ?" ಎಂದು ಕೇಳುತ್ತಾಳೆ. ಭೂತ ನಿಂತು ಅವಳನ್ನು ನೋಡುತ್ತದೆ.

"ನೋಡಿದ್ರೆ ಅದು ದೇವರಾಗುತ್ತೆ ಮೇಡಂ, ಭೂತ ಎಲ್ಲಾಗುತ್ತೆ?" ಎಂದ ನಿರ್ದೇಶಕ. "ಈಗಂತೂ ನಗೆಪಾಟಲಾಯ್ತು. ಮೊದಲಿನ ಥರಾನೇ ತೆಗೆಯೋಣ. ನೋಡದೆ ಹೋಗ್ಲಿ."

"ನೋಡದೆ ಹೋಗೋದು ಜನಕ್ಕೆ ಗೊತ್ತಿಲ್ದೆ ಇರೋದಾ?" ಎಂದಳು ಅಕ್ಕ.

ತಮ್ಮನಿಗೆ ಅರ್ಥವಾಯಿತು. ಭಾವ ತೀರಿಕೊಂಡ ದಿನ ಆಸ್ಪತ್ರೆಯಲ್ಲಿ ಅವಳ ಪಕ್ಕದಲ್ಲಿ ನಿಂತಿದ್ದವನು ಅವನೇ. ಡಾಕ್ಟರು ಕೆಟ್ಟವರೇನಲ್ಲ. ಕಂಪ್ಯೂಟರಿನಲ್ಲಿ ಏನೋ ಬರೆಯುತ್ತ, ತಲೆ ಎತ್ತದೆ, "ಹೋಗಿಬಿಟ್ರು" ಎಂದಿದ್ದರು. ಹಾಗೇ ಮುಂದಿನವರನ್ನು ಕರೆದಿದ್ದರು.

"ಸರ್, ಇನ್ನೊಂದೇ ಒಂದು ಸಲ," ಎಂದ ತಮ್ಮ ನಿರ್ದೇಶಕನಿಗೆ. "ಸರಿಹೋಗದಿದ್ರೆ ನೀವು ಹೇಳಿದ ಹಾಗೇ ಆಡಿಸ್ತೀನಿ."

ನಾಯಕಿ ಮತ್ತೆ ಕೇಳಿದಳು. ಈ ಸಲ ಅವನು ಅವಸರ ಮಾಡಲಿಲ್ಲ. ಮೊದಲು ಒಂದು ಕಣ್ಣು ಮುಚ್ಚಿಸಿದ, ಆಮೇಲೆ ಇನ್ನೊಂದು. ಹೀಗೆ ಎಂಟೂ ಮುಚ್ಚಿದವು. ಉಳಿದ ಒಂದೇ ಒಂದು ಕಣ್ಣು ನಿಧಾನವಾಗಿ ಕೆಳಗಿಳಿದು ಅವಳ ಮುಖದ ಮೇಲೆ ನಿಂತಿತು. ಯಾರೂ ನಗಲಿಲ್ಲ. ನಾಯಕಿಗೆ ಮುಂದಿನ ಮಾತು ಮರೆತೇಹೋಯಿತು.

"ಕಟ್," ಎಂದ ನಿರ್ದೇಶಕ ಮೆಲ್ಲಗೆ. "ಇದೇ ಇರಲಿ."

ದೀಪಗಳು ಒಂದೊಂದಾಗಿ ಆರತೊಡಗಿದಾಗ ಅಕ್ಕ ದೊಡ್ಡಪ್ಪನ ಎದುರು ಬಂದು ನಿಂತಳು. ತಮ್ಮ ಪೆಟ್ಟಿಗೆ ಕೆಳಗಿಡದೆ ಆ ಕಣ್ಣನ್ನು ಅವಳ ಕಡೆ ತಿರುಗಿಸಿದ. ಅವಳು ಬಹಳ ಹೊತ್ತು ಅದನ್ನೇ ನೋಡುತ್ತ ನಿಂತಳು.

"ಅವತ್ತು ಇಷ್ಟೇ ಸಾಕಾಗಿತ್ತು ಕಣೋ," ಎಂದಳು.